ಗೇಫೀಲ್ಡ್ ಪಾರ್ಕ್, ಅರ್ಬ್ರೋತ್: ವಿಂಗರ್‌ನ ಆಟವನ್ನು ಹತ್ತಿರದಿಂದ ನೋಡಲು ತಕ್ಕ ಮೈದಾನ

ಸ್ಕಾಟ್ಲೆಂಡಿನ ಕೆಳ ದರ್ಜೆಯ ಫುಟ್‌ಬಾಲ್ ಲೀಗ್ ಪಂದ್ಯವೊಂದನ್ನು ಟಿಕೆಟ್ ಕೊಂಡು ನೋಡಬೇಕೆಂದಿರುವವರಿಗೆ ನಾನು ಮೊದಲು ಹೇಳುವ ಹೆಸರು ಅರ್ಬ್ರೋತ್ ಎಫ್‌ಸಿ ತಂಡದ ಗೇಫೀಲ್ಡ್ ಪಾರ್ಕ್. ಡಂಡೀ ಮತ್ತು ಅಬರ್ಡೀನ್ ನಡುವಿನ ರೈಲು ಈ ಊರಿನಲ್ಲಿ ನಿಲ್ಲುತ್ತದೆ, ನಿಲ್ದಾಣದಿಂದ ಮೈದಾನಕ್ಕೆ ನಡೆದೇ ಹೋಗಬಹುದು. ಗೋಡೆಯ ಆಚೆಗೇ ಉತ್ತರ ಸಮುದ್ರವಿರುವುದರಿಂದ ಇಲ್ಲಿ ಗಾಳಿಯನ್ನು ಲೆಕ್ಕಕ್ಕೆ ತೆಗೆದುಕೊಳ್ಳದೆ ಯಾರೂ ಚೆಂಡನ್ನು ಮೇಲಕ್ಕೆ ಒದೆಯುವುದಿಲ್ಲ.

ಈ ಮೈದಾನದ ನಿಜವಾದ ಬೆಲೆ ಟಚ್‌ಲೈನ್ (ಮೈದಾನದ ಉದ್ದದ ಅಂಚುಗೆರೆ) ಪಕ್ಕದ ಮೆಟ್ಟಿಲುಗಳ ಮೇಲೆ ನಿಂತಾಗ ತಿಳಿಯುತ್ತದೆ. ದೊಡ್ಡ ಕ್ರೀಡಾಂಗಣಗಳಲ್ಲಿ ದೂರದ ಚುಕ್ಕೆಯಂತೆ ಕಾಣುವ ವಿಂಗರ್, ಅಂದರೆ ಮೈದಾನದ ಅಂಚಿನಲ್ಲಿ ಓಡಿ ದಾಳಿ ಕಟ್ಟುವ ಆಟಗಾರ, ಇಲ್ಲಿ ಕೆಲವೇ ಅಡಿಗಳ ಅಂತರದಲ್ಲಿ ಓಡುತ್ತಾನೆ. ಅವನು ತನ್ನನ್ನು ತಡೆಯುವ ರಕ್ಷಣಾ ಆಟಗಾರನಾದ ಫುಲ್‌ಬ್ಯಾಕ್‌ನ ಭುಜ ಯಾವ ಕಡೆ ವಾಲುತ್ತದೆ ಎಂದು ನೋಡಿ ಹೆಜ್ಜೆ ಬದಲಿಸುವುದು, ಗಾಳಿ ಎದುರಿಗಿದ್ದರೆ ಕ್ರಾಸನ್ನು, ಅಂದರೆ ಅಂಚಿನಿಂದ ಗೋಲಿನ ಮುಂದಕ್ಕೆ ಕಳಿಸುವ ಚೆಂಡನ್ನು, ನೆಲಕ್ಕೆ ಹತ್ತಿರವಾಗಿ ಬಿಗಿಯಾಗಿ ಹೊಡೆಯುವುದು, ಮೂಲೆಯಿಂದ ಒದೆಯುವ ಕಾರ್ನರ್‌ಗೆ ಇಟ್ಟ ಚೆಂಡು ಉರುಳಿಹೋದಾಗ ಮತ್ತೆ ಮತ್ತೆ ಇಟ್ಟು ಬಾವುಟದ ಬಾಗನ್ನು ಗಮನಿಸುವುದು, ಎಲ್ಲವೂ ಕಣ್ಣೆದುರಿಗೇ ನಡೆಯುತ್ತದೆ. ವಿಂಗರ್‌ನ ಕಸುಬು ಬರೀ ವೇಗದ್ದಲ್ಲ ಎಂಬುದು ನನಗೆ ಮನವರಿಕೆಯಾದದ್ದು ಇಲ್ಲಿಯೇ.

ಆ ಕಸುಬಿನ ಮಾತು ಬಂದರೆ ಇಲ್ಲಿ ಬಾಬಿ ಲಿನ್ ಹೆಸರನ್ನು ಬಿಡುವಂತಿಲ್ಲ. ಡಂಡೀ ತಂಡದಲ್ಲಿ ಆರಂಭಿಸಿ, ಪೀಟರ್‌ಹೆಡ್ ಮತ್ತು ಈಸ್ಟ್ ಫೈಫ್ ತಂಡಗಳಿಗೂ ಆಡಿ, 2013ರಲ್ಲಿ ಅರ್ಬ್ರೋತ್ ಸೇರಿದ ಈ ವಿಂಗರ್ ಹಗಲಿನಲ್ಲಿ ಕಸ ಸಂಗ್ರಹಿಸುವ ಪೌರಕಾರ್ಮಿಕನಾಗಿ ದುಡಿಯುತ್ತಲೇ ತನ್ನ ಅತ್ಯುತ್ತಮ ವರ್ಷಗಳನ್ನು ಆಡಿದವನು. ತಂಡವೂ ಅರೆಕಾಲಿಕ ಆಟಗಾರರದ್ದೇ, ಅಭ್ಯಾಸ ನಡೆಯುತ್ತಿದ್ದುದು ಕೆಲಸ ಮುಗಿದ ಮೇಲೆ ಸಂಜೆಯಲ್ಲಿ. 2016-17ರಲ್ಲಿ ನಾಲ್ಕನೆಯ ದರ್ಜೆಯ ಲೀಗ್ ಟೂ, 2018-19ರಲ್ಲಿ ಮೂರನೆಯ ದರ್ಜೆಯ ಲೀಗ್ ಒನ್ ಗೆದ್ದ ಅರ್ಬ್ರೋತ್‌ಗೆ ಆತ ಆಧಾರವಾಗಿದ್ದ, 2018-19ರ ಋತುವಿನಲ್ಲಿ ಆಟಗಾರರ ಸಂಘವೇ ಅವನನ್ನು ಲೀಗ್ ಒನ್‌ನ ವರ್ಷದ ಆಟಗಾರನೆಂದು ಆರಿಸಿತು. ಡಿಕ್ ಕ್ಯಾಂಪ್‌ಬೆಲ್ ತರಬೇತಿಯಲ್ಲಿ 2021-22ರಲ್ಲಿ ಇದೇ ತಂಡ ಎರಡನೆಯ ದರ್ಜೆಯ ಚಾಂಪಿಯನ್‌ಶಿಪ್‌ನಲ್ಲಿ ಪೂರ್ಣಾವಧಿ ತಂಡಗಳನ್ನು ಹಿಂದಿಕ್ಕಿ, ಕಿಲ್ಮಾರ್ನಾಕ್‌ಗಿಂತ ಎರಡೇ ಅಂಕ ಕಡಿಮೆ ಗಳಿಸಿ ಎರಡನೆಯ ಸ್ಥಾನ ಪಡೆದು, ಮೇಲಿನ ದರ್ಜೆಗೆ ಏರಲು ನಡೆಯುವ ಪ್ಲೇಆಫ್‌ನಲ್ಲಿ ಇನ್ವರ್ನೆಸ್ ವಿರುದ್ಧ ಪೆನಾಲ್ಟಿಗಳಲ್ಲಿ ಸೋತಿತು. ಅತ್ಯುನ್ನತ ದರ್ಜೆಯಾದ ಪ್ರೀಮಿಯರ್‌ಶಿಪ್ ಇಷ್ಟು ಹತ್ತಿರ ಬಂದು ತಪ್ಪಿದ್ದು ಇವತ್ತಿಗೂ ನನ್ನ ಮನಸ್ಸನ್ನು ಕಲಕುತ್ತದೆ. 1885ರಲ್ಲಿ ಬಾನ್ ಅಕಾರ್ಡ್ ವಿರುದ್ಧ 36-0 ಗೆದ್ದ ದಾಖಲೆಯನ್ನು ಎಲ್ಲರೂ ನೆನೆಯುತ್ತಾರೆ, ಆದರೆ ನನ್ನ ಮಟ್ಟಿಗೆ 2021-22ರ ಸಾಧನೆಯೇ ಹೆಚ್ಚಿನದು.

ಸೌಕರ್ಯಗಳ ಬಗ್ಗೆ ಹೆಚ್ಚು ಹೇಳುವುದಕ್ಕಿಲ್ಲ. ಬಿಸಿ ಪೈ, ಬೋವ್ರಿಲ್ (ಗೋಮಾಂಸದ ಸಾರದ ಬಿಸಿ ಪಾನೀಯ) ಸಿಗುತ್ತವೆ, ಚಳಿಗೆ ಎರಡೂ ಬೇಕಾಗುತ್ತವೆ. ಇವೆರಡರಲ್ಲೂ ಸಾಮಾನ್ಯವಾಗಿ ಮಾಂಸದ ಅಂಶವಿರುವುದರಿಂದ ಸಸ್ಯಾಹಾರಿಗಳು ಊರಿನಲ್ಲೇ ಊಟ ಮುಗಿಸಿ ಬರುವುದು ಒಳ್ಳೆಯದು. ಮೀನು ತಿನ್ನುವವರು ಬಂದರಿನ ಬಳಿ ಹೊಗೆಯಲ್ಲಿ ಬೇಯಿಸಿದ ಹ್ಯಾಡಕ್, ಅಂದರೆ ಅರ್ಬ್ರೋತ್ ಸ್ಮೋಕಿ, ರುಚಿ ನೋಡಬೇಕು. ಹಿರಿಯರು ಮತ್ತು ಮಕ್ಕಳ ಜೊತೆ ಹೋಗುವವರು ಆಸನಗಳಿರುವ ಮುಖ್ಯ ಸ್ಟ್ಯಾಂಡಿಗೇ ಟಿಕೆಟ್ ಕೊಳ್ಳಲಿ, ಏಕೆಂದರೆ ತೆರೆದ ಕಡೆಗಳಲ್ಲಿ ಗಾಳಿ ನೇರವಾಗಿ ಮುಖಕ್ಕೆ ಹೊಡೆಯುತ್ತದೆ.

ನಿಂತು ನೋಡಬಲ್ಲವರು ಮಾತ್ರ ಒಂದೇ ಕಡೆ ಉಳಿಯಬಾರದು. ಎರಡೂ ತಂಡಗಳ ಅಭಿಮಾನಿಗಳನ್ನು ಬೇರೆಬೇರೆ ಇರಿಸದ ದಿನಗಳಲ್ಲಿ ಅರ್ಬ್ರೋತ್ ಬೆಂಬಲಿಗರು ವಿರಾಮದ ಹೊತ್ತಿಗೆ ತಮ್ಮ ತಂಡ ದಾಳಿ ಮಾಡುವ ಗೋಲಿನತ್ತ ಸಾಗುತ್ತಾರೆ. ಅವರೊಡನೆ ಹೋಗಿ ಕಾರ್ನರ್ ಬಾವುಟದ ಹತ್ತಿರ ನಿಂತರೆ, ದ್ವಿತೀಯಾರ್ಧದಲ್ಲಿ ವಿಂಗರ್ ಹೊಡೆಯುವ ಕ್ರಾಸ್‌ಗಳು ನಿಮ್ಮ ಕಣ್ಣೆದುರಿನಿಂದಲೇ ಹೊರಡುತ್ತವೆ.