ಶೇಡ್ ನೆಟ್ ವಿಮರ್ಶೆ: 50ರ ಹಸಿರು, 75ರ ಹಸಿರು, 50ರ ಬಿಳಿ

ಬಿಸಿಲು ತಡೆಯಲು ಗಿಡಗಳ ಮೇಲೆ ಕಟ್ಟುವ ನೆರಳಿನ ಬಲೆಯೇ ಶೇಡ್ ನೆಟ್. ಮೊದಲೇ ಅಂಕ ಹೇಳಿಬಿಡೋಣ. ಸೊಪ್ಪು, ತರಕಾರಿಗೆ 50ರ ಬಿಳಿ ನೆಟ್‌ಗೆ ಐದಕ್ಕೆ ನಾಲ್ಕು, 50ರ ಹಸಿರಿಗೆ ಮೂರು. ಅಂಗಡಿಗಳಲ್ಲಿ ಸಲೀಸಾಗಿ ಕೈಗೆ ಸಿಗುವ 75ರ ಹಸಿರಿಗೆ ಒಂದೇ ಒಂದು. ಆಂಥೂರಿಯಂ ಬೆಳೆಯುವವರು, ಕಾಳುಮೆಣಸಿನ ಬಳ್ಳಿಯ ನರ್ಸರಿ ಇಟ್ಟವರು ಆ ಒಂದನ್ನು ನಾಲ್ಕು ಎಂದು ಓದಿಕೊಳ್ಳಲಿ. ಅವರ ಗಿಡಗಳ ಲೆಕ್ಕವೇ ಬೇರೆ.

ನೆಟ್ ಮೇಲಿನ ಸಂಖ್ಯೆ ಅದು ತಡೆಯುವ ಬೆಳಕಿನ ಶೇಕಡಾವಾರು. ‘ಬಿಸಿಲು ಜೋರು, ದಪ್ಪದ್ದೇ ಇರಲಿ’ ಎಂದು 75 ಕೊಂಡು, ಟೊಮೆಟೊ ಹೂ ಕಚ್ಚದಿದ್ದಾಗ ಗೊಬ್ಬರ ಸುರಿಯುವವರು ಬಹಳ. ಅಲ್ಲಿ ಕೊರತೆ ಗೊಬ್ಬರದ್ದಲ್ಲ, ಬೆಳಕಿನದು.

ಏಪ್ರಿಲ್‌ನ ಮೋಡವಿಲ್ಲದ ನಡುಮಧ್ಯಾಹ್ನ ಬಯಲಿನಲ್ಲಿ ಸುಮಾರು 1 ಲಕ್ಷ ಲಕ್ಸ್ (ಬೆಳಕಿನ ಪ್ರಖರತೆಯ ಅಳತೆ) ಬೆಳಕಿರುತ್ತದೆ. ಟೊಮೆಟೊ, ಹುರುಳಿಕಾಯಿ, ಕ್ಯಾಪ್ಸಿಕಂ ಗಿಡಗಳ ತುದಿಯ ಎಲೆ ಹೆಚ್ಚುಕಡಿಮೆ ಅದರ ಅರ್ಧಕ್ಕೇ ತನ್ನ ದ್ಯುತಿಸಂಶ್ಲೇಷಣೆಯ ಗರಿಷ್ಠ ಮಟ್ಟ ಮುಟ್ಟಿಬಿಡುತ್ತದೆ. ಉಳಿದದ್ದು ಸಕ್ಕರೆಯಾಗುವುದಿಲ್ಲ, ಎಲೆಯನ್ನು ಕಾಯಿಸುತ್ತದೆ. ಹಾಗಾಗಿ ಆ ಹೊತ್ತಿನಲ್ಲಿ 50ರ ನೆಟ್ ಕಿತ್ತುಕೊಳ್ಳುವುದು ಬಹುಮಟ್ಟಿಗೆ ಬೇಡದ ಬೆಳಕನ್ನೇ. 75ರ ಕೆಳಗೆ ಉಳಿಯುವುದು 25 ಸಾವಿರ ಲಕ್ಸ್, ಅದೂ ಮಧ್ಯಾಹ್ನಕ್ಕೆ. ಬೆಳಿಗ್ಗೆ ಎಂಟಕ್ಕೆ ಬಯಲಿನಲ್ಲಿ 35 ಸಾವಿರ ಇದ್ದರೆ ನೆಟ್ ಕೆಳಗೆ ಒಂಬತ್ತು ಸಾವಿರವೂ ದಾಟುವುದಿಲ್ಲ. ಕಾಯಿ ಕಚ್ಚುವುದು ದಿನವಿಡೀ ಸಿಕ್ಕ ಒಟ್ಟು ಬೆಳಕಿನ ಮೇಲೆ. ಅದು ಕಾಲು ಭಾಗಕ್ಕೆ ಇಳಿದರೆ ಗಿಡ ಕಾಂಡ ಎಳೆದುಕೊಂಡು ಉದ್ದವಾಗುತ್ತದೆ, ಗೆಣ್ಣುಗಳ ನಡುವೆ ಅಂತರ ಹೆಚ್ಚುತ್ತದೆ, ಎಲೆ ಅಗಲವಾಗಿ ತೆಳುವಾಗುತ್ತದೆ, ಹೂ ಉದುರುತ್ತದೆ.

ಬಿಳಿಗೆ ಒಂದಂಕ ಹೆಚ್ಚು ಕೊಟ್ಟದ್ದೇಕೆಂದರೆ, ಅದು ಬೆಳಕನ್ನು ಚದುರಿಸುತ್ತದೆ. ತುದಿಯ ಎಲೆಗೆ ಅರ್ಧ ಬಿಸಿಲು ಸಾಕಾದರೂ ಬುಡದ ಎಲೆಗಳು ಹಸಿದೇ ಇರುತ್ತವೆ. ಚದುರಿದ ಬೆಳಕು ಪಕ್ಕದಿಂದ ನುಗ್ಗಿ ಅವಕ್ಕೂ ತಲುಪುತ್ತದೆ. ಹಸಿರು ನೆಟ್ ಕೆಂಪು, ನೀಲಿಯನ್ನು ಹೆಚ್ಚು ತಡೆದು ಹಸಿರನ್ನು ಒಳಗೆ ಬಿಡುತ್ತದೆ. ಹಸಿರು ಬೆಳಕನ್ನು ಎಲೆ ಬಳಸುವುದೇ ಇಲ್ಲ ಎಂಬ ಶಾಲೆಯ ಪಾಠ ಪೂರ್ತಿ ಸರಿಯಲ್ಲ, ಒಂದಿಷ್ಟು ಬಳಸುತ್ತದೆ. ಆದರೆ ಪತ್ರಹರಿತ್ತು ಚೆನ್ನಾಗಿ ಹಿಡಿಯುವುದು ಕೆಂಪು ಮತ್ತು ನೀಲಿಯನ್ನೇ. ಹಸಿರು ಬಣ್ಣ ತೋಟಕ್ಕೆ ಒಪ್ಪುತ್ತದೆ ಎಂಬುದು ನಮ್ಮ ಕಣ್ಣಿನ ಮಾತು, ಗಿಡದ್ದಲ್ಲ. ಬಿಳಿಯ ದೋಷವೂ ಇದೆ: ರಸ್ತೆ ಬದಿಯಲ್ಲಿ ಧೂಳು ಹಿಡಿದು, ಮಳೆಗಾಲದಲ್ಲಿ ಪಾಚಿ ಕಟ್ಟಿ ಬೇಗ ಮಂಕಾಗುತ್ತದೆ. ಆಗ 50ರದ್ದು 65ರಂತೆ ಕೆಲಸ ಮಾಡಬಹುದು. ತಿಂಗಳಿಗೊಮ್ಮೆ ಪೈಪಿನಿಂದ ನೀರು ಹೊಡೆದು ತೊಳೆಯಬೇಕು.

ನೆಟ್ ಗಾಳಿಯನ್ನು ತಂಪು ಮಾಡುತ್ತದೆಂದು ನಂಬಿ ಕೊಳ್ಳಬೇಡಿ. ಅದು ಇಳಿಸುವುದು ಎಲೆಯ ಬಿಸಿಯನ್ನು, ಮತ್ತು ಅದೇ ಮುಖ್ಯ. ನಮ್ಮ ಬಹುಪಾಲು ತರಕಾರಿಗಳಿಗೆ 25ರಿಂದ 30 ಡಿಗ್ರಿ ಹಿತ. 35 ದಾಟಿದಂತೆ ಇಂಗಾಲದ ಡೈಆಕ್ಸೈಡ್ ಹಿಡಿಯಬೇಕಾದ ಕಿಣ್ವ ಅದರ ಬದಲು ಆಮ್ಲಜನಕವನ್ನು ಹಿಡಿಯುವುದು ಹೆಚ್ಚುತ್ತದೆ, ಗಳಿಸಿದ್ದರಲ್ಲಿ ಒಂದು ಪಾಲು ಸೋರಿಹೋಗುತ್ತದೆ. ರಾಯಚೂರು, ಕಲಬುರಗಿ ಕಡೆಯ ಒಣ ಬಿಸಿಗಾಳಿಗೆ ನೀರು ಉಳಿಸಿಕೊಳ್ಳಲು ಎಲೆ ಮಧ್ಯಾಹ್ನಕ್ಕೆ ಮುಂಚೆಯೇ ಪತ್ರರಂಧ್ರ, ಅಂದರೆ ಗಾಳಿಯಾಡುವ ತನ್ನ ಸಣ್ಣ ತೂತುಗಳನ್ನು, ಮುಚ್ಚಿಬಿಡುತ್ತದೆ. ಬೆಳಕು ಬೇಕಾದಷ್ಟಿದೆ, ಡೈಆಕ್ಸೈಡ್ ಒಳಬರಲು ಬಾಗಿಲಿಲ್ಲ. ನೆಟ್‌ಗೆ ಕೊಟ್ಟ ಹಣ ಬಡ್ಡಿ ಸಮೇತ ವಾಪಸಾಗುವುದು ಅಂಥ ಕಡೆ. ಬೆಂಗಳೂರಿನ ತಾರಸಿಗೆ ಮಾರ್ಚ್ ನಡುವಿನಿಂದ ಮೇ ಕೊನೆಯವರೆಗೆ ಸಾಕು.

ಜೂನ್ ಬಂದರೆ ಬಿಚ್ಚಿ. ಈ ಒಂದು ಮಾತು ಯಾವ ಅಂಗಡಿಯವರೂ ಹೇಳುವುದಿಲ್ಲ. ಮಲೆನಾಡಿನ ಆಷಾಢದ ದಟ್ಟ ಮೋಡದಲ್ಲಿ ನಡುಮಧ್ಯಾಹ್ನವೂ ಬಯಲಿನ ಬೆಳಕು 10-20 ಸಾವಿರ ಲಕ್ಸ್‌ಗೆ ಇಳಿಯುತ್ತದೆ. ಅದರಲ್ಲೂ ಅರ್ಧ ತಡೆದರೆ ಗಿಡ ಉಸಿರಾಟದ ಖರ್ಚು ಕಳೆದು ಉಳಿಸುವುದು ಅಷ್ಟಕ್ಕಷ್ಟೇ. ಮೇಲಾಗಿ ಮಣ್ಣು ಆರುವುದಿಲ್ಲ, ಬುಡ ಕೊಳೆಯುತ್ತದೆ. ಬೇಸಿಗೆಯಲ್ಲೂ ನೆಟ್ ಕಟ್ಟಿದ ಮೇಲೆ ಮೊದಲಿನಷ್ಟೇ ನೀರು ಹಾಕಬಾರದು. ಬೆರಳ ಒಂದು ಗೆಣ್ಣಿನಷ್ಟು ಆಳದಲ್ಲಿ ಮಣ್ಣು ಒಣಗಿದೆಯೇ ನೋಡಿ ಹಾಕಿ.

ರಾಗಿ, ಮುಸುಕಿನ ಜೋಳ, ಕಬ್ಬು, ದಂಟು, ಹರಿವೆ ಇವಕ್ಕೆ ನೆಟ್ಟೇ ಬೇಡ. ಇವು ಸಿ-4 ಜಾತಿಯವು, ಡೈಆಕ್ಸೈಡನ್ನು ಎಲೆಯೊಳಗೇ ಒಟ್ಟುಮಾಡಿಕೊಳ್ಳುವ ಏರ್ಪಾಡಿದೆ, ಪೂರ್ತಿ ಬಿಸಿಲನ್ನೂ ದುಡಿಸಿಕೊಳ್ಳುತ್ತವೆ. ಕೊತ್ತಂಬರಿ, ಪಾಲಕ್‌ಗೆ ಬೇಸಿಗೆಯಲ್ಲಿ 50 ಹೇಳಿಮಾಡಿಸಿದ್ದು. ಟೊಮೆಟೊಗೆ 35 ಸಿಕ್ಕರೆ ಅದೇ ಒಳ್ಳೆಯದು.

ಕಟ್ಟುವ ರೀತಿಯಲ್ಲೇ ಅರ್ಧ ಫಲ ಅಡಗಿದೆ. ಗಿಡದ ನೆತ್ತಿಗೆ ತಾಗುವಂತೆ ಹೊದಿಸಿದರೆ ಬಿಸಿಗಾಳಿ ಅಲ್ಲೇ ನಿಲ್ಲುತ್ತದೆ. ಕನಿಷ್ಠ ಎಂಟು ಅಡಿ ಎತ್ತರ ಬೇಕು. ಪೂರ್ವದ ಬದಿ ತೆರೆದೇ ಇರಲಿ, ಪಶ್ಚಿಮಕ್ಕೆ ಇಳಿಬಿಡಿ. ಬೆಳಗಿನ ಹೊತ್ತು ಗಾಳಿ ತಂಪು, ತೇವವೂ ಇರುತ್ತದೆ, ಪತ್ರರಂಧ್ರಗಳು ಬಿಚ್ಚಿಕೊಂಡಿರುತ್ತವೆ, ಗಿಡದ ಒಳ್ಳೆಯ ದುಡಿಮೆ ಆಗಲೇ. ಜಿಐ (ಸತು ಲೇಪಿಸಿದ ಕಬ್ಬಿಣದ) ತಂತಿಗೆ ಬಳೆ ಹಾಕಿ ಪರದೆಯಂತೆ ಸರಿಸುವ ಹಾಗೆ ಮಾಡಿಕೊಂಡು ಹನ್ನೊಂದರಿಂದ ಮೂರೂವರೆಯವರೆಗೆ ಮಾತ್ರ ಎಳೆದರೆ 50ರ ಹಸಿರೂ ನಾಲ್ಕು ಅಂಕ ಗಿಟ್ಟಿಸುತ್ತದೆ. ತಂತಿ ಉಜ್ಜುವ ಕಡೆಯೇ ನೆಟ್ ಮೊದಲು ಹರಿಯುವುದು, ಅಲ್ಲಿ ಹಳೆಯ ಡ್ರಿಪ್ ಪೈಪ್ ಸೀಳಿ ತಂತಿಗೆ ತೊಡಿಸಿ. ಗಂಧಕದ ಔಷಧಿ ಹೊಡೆಯುವಾಗ ನೆಟ್ ಸರಿಸಿಡಿ, ಗಂಧಕ ತಾಗಿದರೆ ಯುವಿ ರಕ್ಷಣೆ (ಬಿಸಿಲಿನ ಅತಿನೇರಳೆ ಕಿರಣಕ್ಕೆ ನೆಟ್ ಪುಡಿಯಾಗದಂತೆ ಕಾಯುವ ಗುಣ) ಬೇಗ ಸಾಯುತ್ತದೆ.

ಕೊಳ್ಳುವ ಮುನ್ನ ಎರಡು ಪರೀಕ್ಷೆ. ಮೊಬೈಲಿನಲ್ಲಿ ಲಕ್ಸ್ ಮೀಟರ್ ಆ್ಯಪ್ ಹಾಕಿಕೊಂಡು, ಫೋನನ್ನು ಮುಖ ಮೇಲಾಗಿ ಸಮತಟ್ಟಾಗಿ ಹಿಡಿದು, ಬಿಸಿಲಿನಲ್ಲೊಮ್ಮೆ, ಒಂದೇ ಪದರದ ನೆಟ್ ಕೆಳಗೊಮ್ಮೆ ನೋಡಿ. 90 ಸಾವಿರ ಇದ್ದದ್ದು 36 ಸಾವಿರಕ್ಕೆ ಇಳಿದರೆ ಅದು ‘50’ ಅಲ್ಲ, 60. ಆ್ಯಪಿನ ಅಂಕಿ ನಿಖರವಲ್ಲದಿದ್ದರೂ ಎರಡರ ಅನುಪಾತ ನಂಬಬಹುದು. ಫೋನು ಬಯಲಿನಲ್ಲೂ ಒಂದೇ ಅಂಕಿಗೆ ನಿಂತುಬಿಟ್ಟರೆ ಸೆನ್ಸರ್ ಮಿತಿ ಮುಟ್ಟಿದೆ, ಬೆಳಿಗ್ಗೆ ಒಂಬತ್ತರ ಬಿಸಿಲಿಗೆ ನೋಡಿ. ಒಂದು ಎಚ್ಚರ: ಲಕ್ಸ್ ಎಂಬುದು ಮನುಷ್ಯನ ಕಣ್ಣಿನ ಅಳತೆ, ಹಸಿರಿಗೆ ಹೆಚ್ಚು ಬೆಲೆ ಕೊಡುತ್ತದೆ. ಹಸಿರು ನೆಟ್ ಕೆಳಗೆ ಗಿಡಕ್ಕೆ ನಿಜವಾಗಿ ಸಿಗುವುದು ಮೀಟರ್ ತೋರಿಸಿದ್ದಕ್ಕಿಂತ ಕಡಿಮೆ.

ಇನ್ನೊಂದು ತೂಕ. ಒಂದು ಮೀಟರ್ ಉದ್ದ, ಒಂದು ಮೀಟರ್ ಅಗಲದ ತುಂಡನ್ನು ತೂಗಿದರೆ ಬರುವ ಗ್ರಾಂ ಚೀಟಿಯ ಮೇಲಿನ ಜಿಎಸ್‌ಎಮ್‌ಗೆ ಹತ್ತಿರವಿರಬೇಕು. ಶೇಡ್ ನೆಟ್‌ಗಿರುವ ಭಾರತೀಯ ಮಾನಕ ಐಎಸ್ 16008ರ ಗುರುತು ಇದೆಯೇ ಎಂದೂ ಕೇಳಿ ನೋಡಿ. ಯುವಿ ರಕ್ಷಣೆ ಕಣ್ಣಿಗೆ ಕಾಣುವುದಿಲ್ಲ, ಅದಿಲ್ಲದ ನೆಟ್ ಒಂದೆರಡು ಬೇಸಿಗೆಯಲ್ಲೇ ಪುಡಿಪುಡಿ. ಎಷ್ಟು ವರ್ಷದ ಗ್ಯಾರಂಟಿ ಎಂಬುದನ್ನು ಬಾಯಿಮಾತಿಗೆ ಬಿಡದೆ ಬಿಲ್ಲಿನ ಮೇಲೆ ಬರೆಸಿಕೊಳ್ಳಿ. ಬರೆಯಲು ಹಿಂಜರಿದರೆ ಪಕ್ಕದ ಅಂಗಡಿಗೆ ನಡೆಯಿರಿ.