ಸ್ಟೀರಿಂಗ್ ಆಂಗಲ್ ಸೆನ್ಸರ್: ಕ್ಯಾಲಿಬ್ರೇಶನ್ ಸಾಕೇ, ಗುಜರಿಯದೇ, ಹೊಸದೇ?

ಇಎಸ್‌ಪಿ (ಕಾರು ಜಾರದಂತೆ ತಡೆಯುವ ವ್ಯವಸ್ಥೆ) ದೀಪ ಹತ್ತಿತೆಂದು, ಸ್ಟೀರಿಂಗ್ ಎಷ್ಟು ತಿರುಗಿದೆ ಎಂದು ಅಳೆಯುವ ಈ ಸೆನ್ಸರ್ ಬದಲಿಸುವ ಮುನ್ನ ಎಬಿಎಸ್ ಮಾಡ್ಯೂಲ್ (ಬ್ರೇಕ್ ನಿಯಂತ್ರಿಸುವ ಕಂಪ್ಯೂಟರ್) ಓದಬಲ್ಲ ಸ್ಕ್ಯಾನರ್ ಹಾಕಿಸಿ. ಎಂಜಿನ್ ಕೋಡ್ ಮಾತ್ರ ಓದುವ ಅಗ್ಗದ ಸ್ಕ್ಯಾನರ್‌ನಿಂದ ಇದು ಆಗದು. ಚಕ್ರ ನೇರವಿದ್ದಾಗ ಲೈವ್ ಡೇಟಾದಲ್ಲಿ ಕೋನ ಸೊನ್ನೆಯ ಹತ್ತಿರ ಇರಬೇಕು. ಸದಾ ಒಂದೇ ಅಳತೆಯಷ್ಟು, ಉದಾಹರಣೆಗೆ 8 ಡಿಗ್ರಿ, ತಪ್ಪು ತೋರಿಸುತ್ತಾ, ತಿರುಗಿಸಿದಾಗ ಸರಾಗವಾಗಿ ಬದಲಾಗುತ್ತಿದ್ದರೆ ಕ್ಯಾಲಿಬ್ರೇಶನ್ (ಸೊನ್ನೆಯನ್ನು ಮತ್ತೆ ಹೊಂದಿಸುವುದು) ಸಾಕಾಗಬಹುದು. ವೀಲ್ ಅಲೈನ್‌ಮೆಂಟ್ ಆದಮೇಲೆ ಹೀಗಾಗುವುದುಂಟು. ಅಂಕಿ ಜಿಗಿದರೆ, ನಿಂತೇಬಿಟ್ಟರೆ ಕನೆಕ್ಟರ್, ವೈರ್ ನೋಡಿಸಿ. ಅವು ಸರಿಯಿದ್ದರೆ ಸೆನ್ಸರ್ ಕೆಟ್ಟಿರಬಹುದು.

ಖರ್ಚಿನಲ್ಲಿ ಕ್ಯಾಲಿಬ್ರೇಶನ್ ಹಗುರ, ಗುಜರಿಯದು ನಡುವೆ, ಹೊಸದು ಭಾರ. ಬಾಳಿಕೆಯಲ್ಲಿ ಲೆಕ್ಕ ಬೇರೆ. ಅನೇಕ ಕಾರುಗಳಲ್ಲಿ ಸೆನ್ಸರ್ ಏರ್‌ಬ್ಯಾಗಿನ ಕ್ಲಾಕ್ ಸ್ಪ್ರಿಂಗ್ (ತಿರುಗುವ ಸ್ಟೀರಿಂಗಿಗೆ ವಿದ್ಯುತ್ ಸಂಪರ್ಕ ಕೊಡುವ ಸುರುಳಿ ವೈರ್) ಜೊತೆಗೇ ಬರುತ್ತದೆ. ಸವೆದ ಸ್ಪ್ರಿಂಗ್ ಕೈಕೊಟ್ಟರೆ ಅಪಘಾತದಲ್ಲಿ ಏರ್‌ಬ್ಯಾಗ್ ತೆರೆಯದಿರಬಹುದು. ಅಂಥಲ್ಲಿ ಗುಜರಿಯದು ನನಗೆ ಒಪ್ಪಿಗೆಯಿಲ್ಲ, ದುಡ್ಡು ಎಷ್ಟೇ ಉಳಿಯಲಿ. ಸೆನ್ಸರ್ ಬೇರೆಯಾಗಿದ್ದು, ಕಾರು ಹಳೆಯದಾಗಿ, ಪಾರ್ಟ್ ನಂಬರ್ ಅಕ್ಷರಶಃ ಹೊಂದಿದರೆ ಗುಜರಿಯದು ನಡೆಯುತ್ತದೆ.

ಹೊಸದೋ ಹಳೆಯದೋ, ಹಾಕಿದ ಮೇಲೆ ಕ್ಯಾಲಿಬ್ರೇಶನ್ ಬೇಕೇ ಬೇಕು. ಸ್ಟೀರಿಂಗ್ ಬಿಚ್ಚುವ ಮುಂಚೆ ಬ್ಯಾಟರಿ ಕಳಚಿ, ಕಾರಿನ ಕೈಪಿಡಿ ಹೇಳುವಷ್ಟು ಹೊತ್ತು ಕಾಯಲೇಬೇಕು. ಏರ್‌ಬ್ಯಾಗ್ ಬಿಚ್ಚಿ ಅಭ್ಯಾಸವಿಲ್ಲದವರು ಇದನ್ನು ಮನೆಯಲ್ಲಿ ಮಾಡಬೇಡಿ.