ಮಾತು ತಪ್ಪಿದ ಮೇಯರ್, ಮರಳಿ ಬಂದ ಮಕ್ಕಳು

ಅಮೆರಿಕದ ಎನ್‌ಬಿಸಿ ವಾಹಿನಿಯಲ್ಲಿ 1957ರ ನವೆಂಬರ್ 26ರಂದು ಪ್ರಸಾರವಾದ ‘ದ ಪೈಡ್ ಪೈಪರ್ ಆಫ್ ಹ್ಯಾಮೆಲಿನ್’ ಎಂಬ ಸಂಗೀತಚಿತ್ರ ಈಗ ಇಂಟರ್ನೆಟ್‌ನಲ್ಲಿ ಉಚಿತವಾಗಿ ಸಿಗುತ್ತದೆ. ಮಕ್ಕಳಿಗೆ ಕುವೆಂಪು ಅವರ ‘ಬೊಮ್ಮನಹಳ್ಳಿಯ ಕಿಂದರಿಜೋಗಿ’ಯನ್ನು ಬಾಯಿಪಾಠ ಮಾಡಿಸುವ ಮುಂಬಯಿಯ ಕನ್ನಡ ಮನೆಗಳವರು ಇದನ್ನು ನೋಡಲೇಬೇಕು. ಇಲಿಗಳ ಕಾಟ ತೊಲಗಿಸಿದ ಕೊಳಲಿನವನಿಗೆ ಒಪ್ಪಿದ ಹಣ ಕೊಡದ ಊರಿನವರು ತಮ್ಮ ಮಕ್ಕಳನ್ನು ಕಳೆದುಕೊಳ್ಳುವ ಕಥೆಯಿದು. ಎರಡಕ್ಕೂ ಇಂಗ್ಲಿಷ್ ಕವಿ ರಾಬರ್ಟ್ ಬ್ರೌನಿಂಗನ 1842ರ ಕವಿತೆಯೇ ಆಧಾರವಾಗಿದ್ದರೂ, ಕೊಟ್ಟ ಮಾತನ್ನು ಮುರಿದವನಿಗೆ ಏನಾಗಬೇಕೆಂಬ ವಿಷಯದಲ್ಲಿ ಎರಡೂ ಬೇರೆಬೇರೆ ದಾರಿ ಹಿಡಿದಿವೆ.

ಚಿತ್ರದ ಜೀವಾಳ ಮೇಯರ್ ಪಾತ್ರದ ಕ್ಲಾಡ್ ರೇನ್ಸ್. ರಾಜನ ಮೆಚ್ಚುಗೆ ಗಳಿಸುವ ಪೈಪೋಟಿಯಲ್ಲಿ ಊರವರನ್ನೆಲ್ಲ ದುಡಿಸುವ ಈತ ಎಲ್ಲಿಯೂ ಅಬ್ಬರಿಸುವುದಿಲ್ಲ. ನಯವಾಗಿ ಮಾತನಾಡುತ್ತಲೇ ಜಾರಿಕೊಳ್ಳುತ್ತಾನೆ. ಬ್ರೌನಿಂಗನ ಕವಿತೆಯಲ್ಲಿ ಸಾವಿರ ಗಿಲ್ಡರ್ ನಾಣ್ಯ ಕೇಳಿದ ಕೊಳಲಿನವನಿಗೆ ಐವತ್ತು ಸಾವಿರ ಕೊಡುತ್ತೇವೆಂದು ಉಬ್ಬಿದವರು, ಇಲಿಗಳು ನೀರುಪಾಲಾದ ಮೇಲೆ ಐವತ್ತಕ್ಕೆ ಇಳಿಯುತ್ತಾರೆ. ಹೊಳೆ ದಾಟಿದ ಮೇಲೆ ಅಂಬಿಗನ ಗೊಡವೆ ಏಕೆಂಬ ಆ ಧೋರಣೆ ರೇನ್ಸ್ ಅವರ ಮುಖದಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ರೀಡೆವಲಪ್‌ಮೆಂಟ್‌ಗೆಂದು ಹಳೆಯ ಮನೆ ಬಿಟ್ಟುಕೊಟ್ಟು, ಹೊಸ ಕಟ್ಟಡ ಏಳುವವರೆಗೆ ಬಿಲ್ಡರ್ ಕೊಡಬೇಕಾದ ಬಾಡಿಗೆಗಾಗಿ ಅಲೆದ ನಮ್ಮ ಊರಿನವರಿಗೆ ಈ ನಗುಮುಖದ ಪರಿಚಯ ಚೆನ್ನಾಗಿಯೇ ಇದ್ದೀತು.

ಕೊಳಲಿನವನಾಗಿಯೂ ಊರಿನ ಶಿಕ್ಷಕನಾಗಿಯೂ ವ್ಯಾನ್ ಜಾನ್ಸನ್ ನಟಿಸಿದ್ದಾರೆ. ಶಿಕ್ಷಕನ ಪಾತ್ರ ಸಪ್ಪೆ. ಸಂಗೀತ ನಾರ್ವೆಯ ಸಂಯೋಜಕ ಎಡ್ವರ್ಡ್ ಗ್ರೀಗ್‌ನದು: ಇಲಿಗಳನ್ನು ಕರೆದೊಯ್ಯುವ ಭಾಗದಲ್ಲಿ ಬರುವ ‘ಇನ್ ದ ಹಾಲ್ ಆಫ್ ದ ಮೌಂಟನ್ ಕಿಂಗ್’ ಕಳ್ಳಹೆಜ್ಜೆಯಿಂದ ಆರಂಭವಾಗಿ, ಸ್ವರದಿಂದ ಸ್ವರಕ್ಕೆ ಬಿರುಸಾಗುತ್ತ, ಕೊನೆಗೆ ಓಟವಾಗುವ ರೀತಿ ಕಥೆಗೆಂದೇ ರಚಿಸಿದಂತಿದೆ. ಸಂಭಾಷಣೆಯ ಬಹುಪಾಲು ಪ್ರಾಸದಲ್ಲಿರುವುದು ಮಾತ್ರ ಅರ್ಧ ಗಂಟೆಯಲ್ಲಿಯೇ ದಣಿಸುತ್ತದೆ. ಪ್ರಾಸದ ಮೋಜು ಕಿಂದರಿಜೋಗಿಯಲ್ಲಿ ಉಕ್ಕುವಂತೆ ಇಲ್ಲಿ ಉಕ್ಕುವುದಿಲ್ಲ.

ನನ್ನ ದೊಡ್ಡ ತಕರಾರು ಮುಕ್ತಾಯದ ಬಗ್ಗೆ. ಜರ್ಮನಿಯ ಹ್ಯಾಮೆಲಿನ್ ಊರಿನ ಐತಿಹ್ಯದ ಪ್ರಕಾರ 1284ರಲ್ಲಿ ಕಾಣೆಯಾದ 130 ಮಕ್ಕಳು ಮತ್ತೆ ಬರಲಿಲ್ಲ. ಬೊಮ್ಮನಹಳ್ಳಿಯ ಮಕ್ಕಳೂ ಬೆಟ್ಟದಿಂದ ಹೊರಬರುವುದಿಲ್ಲ. ಈ ಚಿತ್ರದಲ್ಲಿ ಮಕ್ಕಳನ್ನು ಮನೆಗೆ ಮರಳಿಸಲಾಗಿದೆ. ಕುಟುಂಬವೆಲ್ಲ ಕೂತು ನೋಡುವ ಕಾರ್ಯಕ್ರಮಕ್ಕೆ ಅದು ಅನಿವಾರ್ಯವೆನಿಸಿರಬಹುದು. ಆದರೆ ಸಾಲ ತೀರಿಸದವರಿಗೆ ಒತ್ತೆಯನ್ನು ಹಿಂದಿರುಗಿಸಿದಂತಾಗಿ, ರೇನ್ಸ್ ಕಟ್ಟಿದ ವಂಚನೆಯ ತೂಕವೆಲ್ಲ ಇಳಿದುಹೋಗುತ್ತದೆ.

ಉಚಿತ ಪ್ರತಿಗಳಲ್ಲಿ ಬಣ್ಣ ಮಾಸಿದೆ, ಹಾಡಿನ ಪದಗಳು ಅಲ್ಲಲ್ಲಿ ಅಸ್ಪಷ್ಟವಾಗಿವೆ. ಚಿಕ್ಕ ಮಕ್ಕಳಿಗೆ ತೋರಿಸುವವರು ಇಲಿಗಳ ಭಾಗವನ್ನೂ ಮೇಯರನ ದೃಶ್ಯಗಳನ್ನೂ ಆರಿಸಿ ತೋರಿಸಿದರೆ ಸಾಕು.